ನಿಶಿಕಿ ಬೀದಿಯಲ್ಲಿ ಹತ್ತು ತುತ್ತು

ಪರದೇಶಕ್ಕೆ ಹೋಗಿಬಂದವರೆಲ್ಲ ಪ್ರವಾಸಕಥನ ಬರೆಯತಕ್ಕದ್ದು ಎಂಬ ನಿಯಮ ಸರ್ಕಾರದ ಯಾವ ಕೈಪಿಡಿಯಲ್ಲಿಯೂ ಇಲ್ಲ. ಹೊರಡುವ ಮುಂಚೆ ಅಪ್ಪಣೆ ಪಡೆಯತಕ್ಕದ್ದು ಎಂಬ ನಿಯಮ ಮಾತ್ರ ಉಂಟು. ಅದರಂತೆ ನಾವು ಅರ್ಜಿ ಗುಜರಾಯಿಸಿ, ಅದರ ಮೇಲೆ ನಾಲ್ಕು ಮೇಜುಗಳ ಟಿಪ್ಪಣಿ ಬಿದ್ದು, 'ಪ್ರಯಾಣದ ಉದ್ದೇಶ' ಎಂಬಲ್ಲಿ 'ಬಂಧುಗಳ ಭೇಟಿ' ಎಂದು ಬರೆದುಕೊಟ್ಟು, ಹೋದ ಡಿಸೆಂಬರಿನಲ್ಲಿ ಹದಿನೈದು ದಿನದ ಮಟ್ಟಿಗೆ ಜಪಾನಿಗೆ ಹೋಗಿಬಂದೆವು. ಇಳಿದುಕೊಂಡದ್ದು ಓಸಾಕಾದಲ್ಲಿರುವ ನಮ್ಮ ಭಾವಮೈದುನನ ಮನೆಯಲ್ಲಿ. ವಿಮಾನದ ಟಿಕೆಟ್ಟೂ ಅವನದೇ. ಆದುದರಿಂದ ವಾಚಕರು ನಮ್ಮ ಸಂಬಳದ ವಿಷಯದಲ್ಲಿ ಬೇರೆ ಲೆಕ್ಕ ಹಾಕಬೇಕಾದ ಕಾರಣವಿಲ್ಲ.

ಫೂಜಿ ಪರ್ವತದ ಮೇಲೂ ಗುಂಡಿನಂತೆ ಓಡುವ ರೈಲಿನ ಮೇಲೂ ಬರೆದವರು ಸಾಕಷ್ಟು ಮಂದಿ ಇದ್ದಾರೆ. ಈ ಸಲದ ಅಂಕಣವನ್ನು ನಾವು ಒಂದು ಪೇಟೆಬೀದಿಗೆ ಮೀಸಲಿಟ್ಟಿದ್ದೇವೆ. ಕ್ಯೋಟೋ ನಗರದ ನಡುಮಧ್ಯದಲ್ಲಿರುವ ಈ ಬೀದಿಯ ಹೆಸರು ನಿಶಿಕಿ. ಉದ್ದ ಸುಮಾರು 390 ಮೀಟರು, ಅಗಲ ಮೂರರಿಂದ ಐದು ಮೀಟರು. ಇಷ್ಟರೊಳಗೆ ನೂರಿಪ್ಪತ್ತಕ್ಕೂ ಮೇಲ್ಪಟ್ಟ ಅಂಗಡಿಗಳು. ಮಳೆ ಹನಿಯದಂತೆ ಉದ್ದಕ್ಕೂ ಕೆಂಪು, ಹಳದಿ, ಹಸುರು ಬಣ್ಣದ ಮಾಡು. ಮೀನು, ಮೊಟ್ಟೆ, ತರಕಾರಿ, ಸೋಯಾ, ಉಪ್ಪಿನಕಾಯಿ, ಚಹಾ, ಚಾಕು—ಅಡುಗೆಗೆ ಬೇಕಾದುದೆಲ್ಲ ಇಲ್ಲಿ ಸಿಕ್ಕುತ್ತಿದ್ದುದರಿಂದ ಇದಕ್ಕೆ 'ಕ್ಯೋಟೋದ ಅಡುಗೆಮನೆ' ಎಂದೇ ಹೆಸರು. 'ಸಿಕ್ಕುತ್ತಿದ್ದುದರಿಂದ' ಎಂದು ಭೂತಕಾಲದಲ್ಲಿ ಬರೆದುದಕ್ಕೆ ಕಾರಣವನ್ನು ಮುಂದೆ ಹೇಳುತ್ತೇವೆ.

ಬೀದಿಯ ಹೆಸರಿಗೆ ಒಂದು ಕಥೆ ಉಂಟು. ಮೊದಲು ಇದನ್ನು 'ಗುಸೋಕು' ಓಣಿ, ಅಂದರೆ ಕವಚದ ಓಣಿ ಎನ್ನುತ್ತಿದ್ದರಂತೆ. ಜನರ ಬಾಯಲ್ಲಿ ಅದು ಸವೆದು 'ಕುಸೋ' ಓಣಿ ಆಯಿತು. ಆ ಶಬ್ದದ ಅರ್ಥವನ್ನು ಸಂಸಾರಸ್ಥರು ಓದುವ ಈ ಪತ್ರಿಕೆಯಲ್ಲಿ ಬಿಡಿಸಿ ಬರೆಯುವುದು ಸರಿಯಲ್ಲ. ಬೆಳಗ್ಗೆ ಎದ್ದು ಮಾಡುವ ಮೊದಲ ಕೆಲಸಕ್ಕೆ ಸಂಬಂಧಪಟ್ಟದ್ದು ಎಂದರೆ ಸಾಕು. 1054ರಲ್ಲಿ ಗೋ-ರೇಜೆಯಿ ಚಕ್ರವರ್ತಿ ಅದನ್ನು ಕೇಳಿ ಅಸಹ್ಯಪಟ್ಟು 'ನಿಶಿಕಿ', ಅಂದರೆ ಜರತಾರಿ ರೇಷ್ಮೆ, ಎಂದು ಹೆಸರು ಬದಲಾಯಿಸಿದನೆಂದು ಹೇಳುತ್ತಾರೆ. ಬೀದಿಗಳ ಹೆಸರು ಬದಲಾಯಿಸುವ ಚಟ ನಮ್ಮ ಮುಂಬಯಿಯ ನಗರಸಭೆಗೆ ಮಾತ್ರ ಉಂಟೆಂದು ನಾವು ತಿಳಿದಿದ್ದೆವು.

ಈ ಬೀದಿಯಲ್ಲಿ ಈಗ 'ರುಚಿ ನೋಡುವ ಯಾತ್ರೆ' ಎಂಬುದೊಂದು ನಡೆಯುತ್ತದೆ. ಒಬ್ಬ ಮಾರ್ಗದರ್ಶಕರು, ಅವರ ಹಿಂದೆ ಎಂಟು ಹತ್ತು ಮಂದಿ. ಮೂರು ಗಂಟೆ, ಹತ್ತು ಅಂಗಡಿ, ಒಂದೊಂದರಲ್ಲಿ ಒಂದೊಂದು ತುತ್ತು. "ಭಾವ, ದೇವಸ್ಥಾನ ನೋಡಿ ನೋಡಿ ನಿಮಗೆ ಸಾಕಾಗಿದೆ, ಅಕ್ಕನಿಗಂತೂ ಅಂಗಡಿ ಬೀದಿ ಎಂದರೆ ಪ್ರಾಣ. ಎರಡು ಚೀಟಿ ಮಾಡಿಸಿಟ್ಟಿದ್ದೇನೆ," ಎಂದ ನಮ್ಮ ಭಾವಮೈದುನ. ಮನೆಯವರಿಗೆ ಅನುಮಾನ. ನಮ್ಮ ಮನೆಯಲ್ಲಿ ಮೀನು ಮಾಂಸ ಮೊಟ್ಟೆ ಇಲ್ಲ. ಮೀನಿನ ಪೇಟೆಗೆ ಹೋಗಿ ನಾವು ನೋಡುವ ರುಚಿ ಯಾವುದು? ನಮ್ಮ ಸಂಘದ ಕರಾವಳಿಯ ಮಿತ್ರರು ಇದನ್ನು ಓದಿ, "ಅಷ್ಟು ದೂರ ಹೋಗಿ ಸೊಪ್ಪು ತಿಂದು ಬಂದಿರಾ?" ಎಂದು ನಗುವುದು ನಮಗೆ ಈಗಲೇ ಕೇಳಿಸುತ್ತಿದೆ. ನಗಲಿ. ಮೀನು ತಿನ್ನುವವರಿಗೆ ಆ ಬೀದಿಯಲ್ಲಿ ಬಾಯಿ ತೆರೆದರೆ ಸಾಕು. ನಮಗೆ ಮೊದಲು ಬಾಯಿ ಬಿಟ್ಟು ಕೇಳಬೇಕಾಯಿತು. ಈ ಲೇಖನವೆಲ್ಲ ಆ ಕೇಳಿದ್ದರ ಫಲ.

ನಮ್ಮ ಗುಂಪಿನಲ್ಲಿ ಹತ್ತು ಮಂದಿ: ಆಸ್ಟ್ರೇಲಿಯದ ದಂಪತಿಗಳು, ಸಿಂಗಪುರದ ತಾಯಿ ಮತ್ತು ಆಕೆಯ ಇಬ್ಬರು ಹೆಣ್ಣುಮಕ್ಕಳು, ಮೂವರು ಫ್ರೆಂಚ್ ತರುಣರು, ನಾವಿಬ್ಬರು. ಮಾರ್ಗದರ್ಶಕರು ಅರವತ್ತರ ಹತ್ತಿರದ ಒಬ್ಬ ಹೆಂಗಸು, ಆ ಊರಿನಲ್ಲಿಯೇ ಹುಟ್ಟಿ ಬೆಳೆದವರು. ಕೈಯಲ್ಲಿ ಬಾವುಟವಾಗಲಿ ಕೂಗುವ ಯಂತ್ರವಾಗಲಿ ಇಲ್ಲ. ಮಡಿಸಿದ ಬಟ್ಟೆಯ ಚೀಲವೊಂದು ಮಾತ್ರ. ನಮ್ಮ ಹೆಸರುಗಳ ಮುಂದೆ 'ಸಸ್ಯಾಹಾರ' ಎಂದು ಗುರುತು ಹಾಕಿದ್ದ ಪಟ್ಟಿಯನ್ನು ನೋಡಿ, ನಮ್ಮನ್ನು ಪಕ್ಕಕ್ಕೆ ಕರೆದು ಅವರು ಹೇಳಿದ ಮಾತು ಇದು: "ಈ ಊರಿನಲ್ಲಿ ಮೀನಿಲ್ಲದ ತಿಂಡಿ ಬೇಕಾದಷ್ಟು ಉಂಟು, ಮೀನಿನ ನೀರಿಲ್ಲದ ತಿಂಡಿಯನ್ನು ಹುಡುಕಬೇಕು. ಪ್ರತಿ ಅಂಗಡಿಯಲ್ಲಿಯೂ ನಿಮಗಾಗಿ ಕೇಳುತ್ತೇನೆ. ಸಂಶಯವಿದ್ದರೆ ಬೇಡ ಎನ್ನುತ್ತೇನೆ. ಬೇಸರ ಮಾಡಿಕೊಳ್ಳಬೇಡಿ." ಇಷ್ಟು ನೇರವಾಗಿ ಮಾತಾಡುವವರನ್ನು ನಾವು ಕಚೇರಿಯಲ್ಲಿ ಕಂಡದ್ದು ಅಪರೂಪ.

ಯಾತ್ರೆ ಆರಂಭವಾಗುವುದು ಬೀದಿಯ ಪೂರ್ವದ ತುದಿಯಲ್ಲಿರುವ ಒಂದು ಗುಡಿಯಿಂದ. ಸುಗವಾರಾ ನೋ ಮಿಚಿಜಾನೆ ಎಂಬ ಒಂಬತ್ತನೆಯ ಶತಮಾನದ ವಿದ್ವಾಂಸ ಮಂತ್ರಿಯೇ ಅಲ್ಲಿಯ ದೇವರು. ಪರೀಕ್ಷೆಗೆ ಕೂರುವ ಹುಡುಗರು ಬಂದು ಬೇಡಿಕೊಳ್ಳುತ್ತಾರೆ. ಗುಡಿಯ ಮುಂದೆ ಕಂಚಿನ ಎತ್ತು ಮಲಗಿದೆ. ಬಂದವರೆಲ್ಲ ತಲೆ ಸವರಿ ಸವರಿ ಅದರ ಮುಖ ಫಳಫಳ ಹೊಳೆಯುತ್ತಿದೆ. ಮನೆಯವರು ಕೇಳುವ ಮುಂಚೆಯೇ ಅದರ ಕೊಂಬು ಮುಟ್ಟಿ ಕಣ್ಣಿಗೆ ಒತ್ತಿಕೊಂಡಾಗಿತ್ತು. ಪಕ್ಕದಲ್ಲಿ ನೆಲದೊಳಗಿನ ನೀರು ಸದಾ ಸುರಿಯುತ್ತಿರುತ್ತದೆ. ಒಂದು ಬೊಗಸೆ ಕುಡಿದೆವು. "ಇದೇ ಇವತ್ತಿನ ಮೊದಲನೆಯ ರುಚಿ," ಎಂದರು ಮಾರ್ಗದರ್ಶಕಿ. ಫ್ರೆಂಚ್ ತರುಣರು ಹಾಸ್ಯವೆಂದು ನಕ್ಕರು. ಹಾಸ್ಯವಲ್ಲ. ಈ ಬೀದಿ ಹುಟ್ಟಿದ್ದೇ ಆ ನೀರಿನಿಂದ. ವರ್ಷವೆಲ್ಲ ಒಂದೇ ತಣ್ಪಿನಲ್ಲಿರುವ ಬಾವಿನೀರು ಇಲ್ಲಿ ದೊರೆಯುತ್ತಿದ್ದುದರಿಂದ, ಮಂಜುಗಡ್ಡೆಯ ಪೆಟ್ಟಿಗೆ ಇಲ್ಲದ ಕಾಲದಲ್ಲಿ ಮೀನು ಕೋಳಿಗಳನ್ನು ಕೆಡದಂತೆ ಇಡಬಹುದಾಗಿತ್ತು. ಹಾಗೆ ನೆರೆದ ಮೀನಿನ ವರ್ತಕರಿಗೆ 1615ರಲ್ಲಿ ಆಗಿನ ಸರ್ಕಾರದಿಂದ ಅಧಿಕೃತ ಪರವಾನಗಿ ಸಿಕ್ಕಿತು. ನೀರು ಮೃದುವಾದುದರಿಂದ ಸೋಯಾ ಪದಾರ್ಥಗಳಿಗೂ ಸಾರಿಗೂ ಒಳ್ಳೆಯದಂತೆ.

ಸಾರು ಎಂದೆವಲ್ಲ, ಅದನ್ನೇ ಮೊದಲು ಮುಗಿಸಿಬಿಡೋಣ. ಜಪಾನೀಯರ ಅಡುಗೆಗೆ ತಳಹದಿ 'ದಾಶಿ' ಎಂಬ ಒಂದು ತಿಳಿನೀರು. ನಮ್ಮಲ್ಲಿ ಬೇಳೆಕಟ್ಟು ಇದ್ದ ಹಾಗೆ. ಇದನ್ನು ಎರಡು ವಸ್ತುಗಳಿಂದ ಮಾಡುತ್ತಾರೆ. ಒಂದು ಕಾತ್ಸುವೊಬುಶಿ: ಒಂದು ಜಾತಿಯ ಮೀನನ್ನು ಬೇಯಿಸಿ, ಹೊಗೆಯಲ್ಲಿ ಒಣಗಿಸಿ, ಕಟ್ಟಿಗೆಯಷ್ಟು ಗಟ್ಟಿ ಮಾಡಿ, ಬಡಗಿಯ ಉಜ್ಜುಗೊರಡಿನಂಥದರಲ್ಲಿ ಹೆರೆದ ತೆಳುಪದರ. ಇನ್ನೊಂದು ಕೊಂಬು. ದನದ ಕೊಂಬಲ್ಲ, ಅವರ ಭಾಷೆಯಲ್ಲಿ ಸಮುದ್ರದೊಳಗೆ ಬೆಳೆಯುವ ಒಂದು ಅಗಲವಾದ ಪಾಚಿಗೆ ಆ ಹೆಸರು. ಮೊದಲನೆಯದು ನಮಗೆ ವರ್ಜ್ಯ, ಎರಡನೆಯದು ಗ್ರಾಹ್ಯ. ಆದರೆ ಎರಡನ್ನೂ ಕೂಡಿಸಿ ಕಾಯಿಸುವುದೇ ಹೆಚ್ಚು. ಆ ತಿಳಿನೀರು ಬೇಯಿಸಿದ ತರಕಾರಿಯೊಳಗೆ, ಸೋಯಾ ಗಿಣ್ಣಿನೊಳಗೆ, ಮೊಟ್ಟೆಯ ಸುರುಳಿಯೊಳಗೆ, ಕಡೆಗೆ ಕೆಲವು ಉಪ್ಪಿನಕಾಯಿಯೊಳಗೂ ಸೇರಿರುತ್ತದೆ. ಕಣ್ಣಿಗೆ ಕಾಣುವುದಿಲ್ಲ. ನಮ್ಮ ಸರ್ಕಾರಿ ಫೈಲುಗಳಲ್ಲಿ ಮೇಲಿನವರ ಮನಸ್ಸು ಇರುವ ಹಾಗೆ ಇರುತ್ತದೆ.

ಕ್ಯೋಟೋದ ಹತ್ತಿರ ಸಮುದ್ರವಿಲ್ಲ ಎಂಬುದನ್ನು ಇಲ್ಲಿ ನೆನೆಯಬೇಕು. ಉತ್ತರದ ಒಬಾಮಾ ಬಂದರಿನಿಂದ ಉಪ್ಪು ಹಾಕಿದ ಮೀನನ್ನು ಬೆಟ್ಟದ ದಾರಿಯಲ್ಲಿ ಹೆಗಲ ಮೇಲೆ ಹೊತ್ತು ತರುತ್ತಿದ್ದರು. ಕೊಂಬು ಇನ್ನೂ ದೂರದ ಹೊಕ್ಕೈಡೋ ದ್ವೀಪದಿಂದ ಹಡಗಿನಲ್ಲಿ ಬರುತ್ತಿತ್ತು. ಹಸಿ ಮೀನು ದುರ್ಲಭವಾದ ಊರಾದುದರಿಂದಲೇ ಇಲ್ಲಿ ತರಕಾರಿ, ಸೋಯಾ, ಉಪ್ಪಿನಕಾಯಿಗಳು ಇಷ್ಟು ಬೆಳೆದವು. ಬೌದ್ಧ ಮಠಗಳ ಅಡುಗೆಯೂ ಕೂಡಿಕೊಂಡಿತು. ಆ ಮಠದ ಅಡುಗೆಯಲ್ಲಿ ಮೀನಿಲ್ಲ, ಬೆಳ್ಳುಳ್ಳಿ ಇಲ್ಲ, ಈರುಳ್ಳಿ ಜಾತಿಯದು ಯಾವುದೂ ಇಲ್ಲ. ಸಾರಿನ ನೀರಿಗೆ ಕೊಂಬು ಮತ್ತು ಒಣ ಅಣಬೆ ಮಾತ್ರ. ಅಣಬೆಯೊಂದನ್ನು ಬಿಟ್ಟರೆ ನಮ್ಮ ಮಠಗಳ ಅಡುಗೆಯವರಿಗೂ ಅವರಿಗೂ ಜಗಳ ಬರಲು ಕಾರಣವಿಲ್ಲ.

ಈ ಕೊಂಬಿನ ನೀರಿಗೆ ಒಂದು ವಿಶೇಷ ರುಚಿ ಇರುವುದನ್ನು ಕಂಡು, ಅದು ಸಿಹಿಯಲ್ಲ, ಉಪ್ಪಲ್ಲ, ಹುಳಿಯಲ್ಲ, ಕಹಿಯಲ್ಲ, ಹಾಗಾದರೆ ಏನು ಎಂದು ಶೋಧಿಸಿದವರು ಇಕೆದಾ ಕಿಕುನಾಯೆ ಎಂಬ ರಸಾಯನಶಾಸ್ತ್ರಜ್ಞರು, ಕ್ಯೋಟೋದಲ್ಲಿಯೇ ಹುಟ್ಟಿದವರು. 1908ರಲ್ಲಿ ಕೊಂಬಿನಿಂದ ಗ್ಲುಟಮಿಕ್ ಆಮ್ಲವನ್ನು ಬೇರ್ಪಡಿಸಿ ಆ ರುಚಿಗೆ 'ಉಮಾಮಿ' ಎಂದು ಹೆಸರಿಟ್ಟರು. ಮರುವರ್ಷವೇ ಅದು 'ಅಜಿನೊಮೊಟೊ' ಎಂಬ ಬಿಳಿಯ ಪುಡಿಯಾಗಿ ಪೇಟೆಗೆ ಬಂತು. ನಮ್ಮ ಬೀದಿಬದಿಯ ಚೈನೀಸ್ ಗಾಡಿಗಳಲ್ಲಿ ಚಿಟಿಕೆ ಚಿಟಿಕೆಯಾಗಿ ಉದುರುವ ಪುಡಿ ಅದೇ. ಆರು ರಸಗಳ ಲೆಕ್ಕ ಕಲಿತ ನಮಗೆ ಇದು ಏಳನೆಯದೆನ್ನಬೇಕೋ ಏನೋ. ಟೊಮೇಟೊ ಹಣ್ಣಿನಲ್ಲಿಯೂ ಅದು ಧಾರಾಳವಾಗಿ ಉಂಟೆಂದು ಕೇಳಿ ನಮ್ಮ ಮನೆಯವರು, "ಹಾಗಾದರೆ ನಮ್ಮ ಸಾರಿನಲ್ಲಿ ಇದು ಇದ್ದೇ ಇದೆ, ಹೆಸರು ಇರಲಿಲ್ಲ, ಅಷ್ಟೆ," ಎಂದರು.

ಅಂಗಡಿಗಳಿಗೆ ಬರೋಣ. ಎರಡನೆಯ ನಿಲುಗಡೆಯಲ್ಲಿ ಉಳಿದವರ ಕೈಗೆ ಕಡ್ಡಿಗೆ ಚುಚ್ಚಿದ ಪುಟ್ಟ ಅಷ್ಟಪದಿ ಬಂತು. ಅದರ ತಲೆಯೊಳಗೆ ಒಂದು ಪುಟ್ಟ ಹಕ್ಕಿಮೊಟ್ಟೆ. ಸಿಂಗಪುರದ ಹುಡುಗಿಯರು ತಿನ್ನುವ ಮುಂಚೆ ಐದು ನಿಮಿಷ ಅದರ ಚಿತ್ರ ತೆಗೆದರು. ನಾವಿಬ್ಬರೂ ಎಲೆಯ ಮುಂದೆ ಕುಳಿತು ಉಣ್ಣದೆ ಎದ್ದ ಏಕಾದಶಿಯವರಂತೆ ನಿಂತಿದ್ದೆವು. ಮೂರನೆಯದು ಮೊಟ್ಟೆಯ ಸುರುಳಿ. ಅದೂ ಅಷ್ಟೆ. "ನಿಮಗೆ ತುಂಬಾ ನಷ್ಟ," ಎಂದು ಫ್ರೆಂಚ್ ತರುಣನೊಬ್ಬ ಪ್ರಾಮಾಣಿಕವಾಗಿ ಮರುಗಿದ.

ನಾಲ್ಕನೆಯದರಲ್ಲಿ ನಮ್ಮ ಸರದಿ ಬಂತು. ಯುಬಾ ಎಂಬುದು ಸೋಯಾ ಹಾಲಿನ ಕೆನೆ. ಅಗಲವಾದ ತೊಟ್ಟಿಯಲ್ಲಿ ಸೋಯಾ ಹಾಲನ್ನು ಸಣ್ಣ ಉರಿಯಲ್ಲಿ ಕಾಯಿಸುತ್ತ, ಮೇಲೆ ಕಟ್ಟಿದ ಪದರವನ್ನು ಕಡ್ಡಿಯಿಂದ ಎತ್ತಿ ನೇತುಹಾಕುತ್ತಾರೆ. ಒಗೆದ ಬಟ್ಟೆ ಒಣಹಾಕಿದಂತೆ ಕಾಣುತ್ತದೆ. ಈ ಬೀದಿಯಲ್ಲಿ 1790ರಿಂದ ಅದೊಂದನ್ನೇ ಮಾಡುತ್ತಿರುವ ಮನೆತನದ ಅಂಗಡಿ ಉಂಟು. ಹಸಿ ಯುಬಾದ ಮೇಲೆ ಅವರು ಹಾಕುವ ಕಪ್ಪು ರಸದಲ್ಲಿ ಮೀನಿನ ನೀರು ಇರಬಹುದೆಂದು ನಮ್ಮ ಮಾರ್ಗದರ್ಶಕಿ ಕೇಳಿ, ಬರಿಯ ಸೋಯಾ ರಸದ ಎರಡು ಹನಿ ಹಾಕಿಸಿಕೊಟ್ಟರು. ಹಾಲಿನ ಕೆನೆಯ ಜಿಡ್ಡಿಲ್ಲ. ಮೆದು, ತಣ್ಪು, ಕಡೆಯಲ್ಲಿ ಎಲ್ಲೋ ಸ್ವಲ್ಪ ಸಿಹಿ. ಇನ್ನೊಂದು ಕಡೆ ಗೋದಿಯ ಹಿಟ್ಟನ್ನು ನೀರಿನಲ್ಲಿ ನಾದಿ ನಾದಿ ಗಂಜಿ ಕಳೆದು ಉಳಿದ ಅಂಟಿನಿಂದ ಮಾಡಿದ 'ಫು' ಎಂಬ ಮುದ್ದೆ, ಅದಕ್ಕೆ ಬಿಳಿಯ ಮಿಸೊ ಸವರಿ ಸುಟ್ಟದ್ದು. ಮಠದವರಿಗೆ ಇದು ಮಾಂಸದ ಬದಲು. ನಮಗೆ ಮಾಂಸದ ರುಚಿ ಗೊತ್ತಿಲ್ಲವಾದ್ದರಿಂದ ಬದಲು ಸರಿಯಾಗಿದೆಯೇ ಎಂದು ಹೇಳಲಾರೆವು; ಅಗಿಯುವುದಕ್ಕೆ ಹಲ್ಲು ಗಟ್ಟಿ ಇರಬೇಕು.

ಉಪ್ಪಿನಕಾಯಿ ಅಂಗಡಿಯಲ್ಲಿ ಒಂದು ಸಣ್ಣ ಪ್ರಸಂಗ ನಡೆಯಿತು. ಅಲ್ಲಿ ಮರದ ಪೀಪಾಯಿಗಳ ಸಾಲು. ಎಣ್ಣೆಯಿಲ್ಲ, ಸಾಸಿವೆಯಿಲ್ಲ, ಖಾರ ಇಲ್ಲವೆನ್ನುವಷ್ಟು ಕಡಿಮೆ. ಎರಡೂ ಕೈಗೆ ತುಂಬುವಂಥ ಶೋಗೊಯಿನ್ ಟರ್ನಿಪ್ ಗೆಡ್ಡೆಯನ್ನು ಹಪ್ಪಳದಂತೆ ತೆಳ್ಳಗೆ ಹೆಚ್ಚಿ ಕೊಂಬಿನ ಜೊತೆ ಅದ್ದಿಟ್ಟ 'ಸೆನ್ಮಯಿಜುಕೆ' ಚಳಿಗಾಲದ ವಿಶೇಷ. ಮಾರುವ ಹುಡುಗ ತಟ್ಟೆಯನ್ನು ನಮ್ಮ ಮುಂದೆ ಹಿಡಿದು ಬೇರೆ ಕಡೆ ನೋಡುತ್ತಿದ್ದ. ದಿನಕ್ಕೆ ಎಷ್ಟು ನೂರು ಮಂದಿಗೆ ಹಿಡಿದಿದ್ದನೋ ಪಾಪ. ಇದರಲ್ಲಿ ಮೀನು ಉಂಟೇ ಎಂದು ಕೇಳಿದ ಕೂಡಲೆ ಅವನು ಗಾಬರಿಯಾಗಿ ಪೊಟ್ಟಣ ತಿರುಗಿಸಿ ಇರುವೆಯಂಥ ಅಕ್ಷರಗಳನ್ನು ಓದತೊಡಗಿದ. ಒಂದರಲ್ಲಿ ಉಂಟು, ಇನ್ನೊಂದರಲ್ಲಿ ಸಂಶಯ. ಮಾತು ಕೇಳಿ ಒಳಗಿನಿಂದ ಒಬ್ಬ ಮುದುಕಿ ಕೈ ಒರೆಸಿಕೊಳ್ಳುತ್ತ ಹೊರಗೆ ಬಂದಳು. ತಟ್ಟೆಯನ್ನು ಪಕ್ಕಕ್ಕೆ ಸರಿಸಿ, ಒಂದು ಪೀಪಾಯಿಯ ಮುಚ್ಚಳ ತೆಗೆದು, ಮೂರು ಬೆರಳು ತೋರಿಸಿದಳು: ಬದನೆಕಾಯಿ, ಶಿಸೊ ಎಂಬ ಕೆಂಪು ಎಲೆ, ಉಪ್ಪು. ನಾಲ್ಕನೆಯದು ಇಲ್ಲ. ಅದರ ಹೆಸರು ಶಿಬಾಜುಕೆ. ಮೇಲೆ ಭಾರ ಹೇರಿ ಬಿಟ್ಟರೆ ತಾನಾಗಿಯೇ ಹುಳಿ ಬರುತ್ತದೆ. ಆ ಮುದುಕಿ ನಮ್ಮ ಮನೆಯವರ ಮುಖವನ್ನೇ ನೋಡುತ್ತ ನಿಂತಳು, ನಮ್ಮ ಕಡೆಯ ಅತ್ತೆಯಂದಿರು ಸೊಸೆ ಬಾಯಿಗಿಡುವುದನ್ನು ನೋಡುವಂತೆ. ಆ ಹುಳಿಗೆ ಕಣ್ಣು ಮುಚ್ಚಿಹೋದವು. ಮುದುಕಿ ನಕ್ಕಳು. ಇಬ್ಬರಿಗೂ ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯದು. ಆದರೂ ಎಷ್ಟು ದಿನ ಇಡಬೇಕು, ಬೂಸಲು ಬಂದರೆ ಏನು ಮಾಡಬೇಕು ಎಂಬ ವಿಚಾರ ಹತ್ತು ನಿಮಿಷ ನಡೆಯಿತು. ಗುಂಪು ಮುಂದೆ ಹೋಗಿಬಿಟ್ಟಿತ್ತು.

ಮಸಾಲೆಯ ಅಂಗಡಿಯಲ್ಲಿ ಆಶ್ಚರ್ಯ ಕಾದಿತ್ತು. ಅಲ್ಲಿ 'ಸಾನ್ಶೊ' ಎಂಬ ಹಸುರು ಪುಡಿಯನ್ನು ಅಂಗೈಗೆ ಉದುರಿಸಿದರು. ನಾಲಗೆಗೆ ತಾಗಿದ ಕ್ಷಣ ಜುಮ್ಮೆಂದು ಮರಗಟ್ಟಿತು. ಮನೆಯವರ ತವರು ಶಿರಸಿಯ ಕಡೆ. "ಇದು ನಮ್ಮ ಜುಮ್ಮನಕಾಯಿ!" ಎಂದು ಕೂಗಿದರು. ಜುಮ್ಮನಕಾಯಿ ಎಂದರೆ ಉತ್ತರ ಕನ್ನಡದ ಕಾಡಿನಲ್ಲಿ ಆಗುವ, ಮುಂಬಯಿಯ ಅಂಗಡಿಗಳಲ್ಲಿ ತಿರ್ಫಳ ಎಂದು ಮಾರುವ ಕಾಯಿ. ಕೊಂಕಣಿಗರು ಮೀನಿನ ಪದಾರ್ಥಕ್ಕೂ, ಶಿರಸಿಯವರು ತಂಬುಳಿಗೂ ಹಾಕುತ್ತಾರೆ. ಊರಿಗೆ ಬಂದು ಪುಸ್ತಕ ತೆಗೆದು ನೋಡಿದೆವು: ಎರಡೂ ಜಾಂತೋಕ್ಸಿಲಂ ಎಂಬ ಒಂದೇ ಕುಲದ ಗಿಡಗಳು. ನಾವು ಬಿ.ಎ.ಯಲ್ಲಿ ಓದಿದ್ದು ಇತಿಹಾಸ. ಸಸ್ಯಶಾಸ್ತ್ರ ಓದದೆ ನಾಲಗೆಯಿಂದಲೇ ಕುಲ ಹೇಳಿದವರು ಮನೆಯಲ್ಲಿದ್ದಾರೆ.

ತರಕಾರಿ ಅಂಗಡಿಯ ಮುಂದೆ ನಾವು ಬಹಳ ಹೊತ್ತು ನಿಂತೆವು. ಕೆಂಪು ಕೆಂಪಾದ ಕ್ಯಾರೆಟ್ಟು, ನೀಳವಾದ ಹಸುರು ಮೆಣಸಿನಕಾಯಿ, ಮೊದಲು ಹೇಳಿದ ಆ ದೊಡ್ಡ ಗೆಡ್ಡೆ. ಬೇಸಿಗೆಯಲ್ಲಿ ಚೆಂಡಿನಂತೆ ಗುಂಡಗಿರುವ ಕಾಮೊ ಬದನೆ ಬರುತ್ತದಂತೆ; ಚಿತ್ರ ತೋರಿಸಿದರು. ಬಣ್ಣವೊಂದು ನೇರಳೆ, ಇಲ್ಲದಿದ್ದರೆ ಉಡುಪಿಯ ಮಟ್ಟುಗುಳ್ಳದ ಅಣ್ಣತಮ್ಮ. ಒಂದೊಂದು ಊರು ತನ್ನ ಬದನೆಕಾಯಿಯ ಬಗ್ಗೆ ಅಭಿಮಾನ ಪಡುವುದು ಲೋಕದಲ್ಲೆಲ್ಲ ಒಂದೇ.

ಈ ಬೀದಿಯ ಪಶ್ಚಿಮದ ತುದಿಯಲ್ಲಿ ಒಬ್ಬ ತರಕಾರಿ ಸಗಟು ವರ್ತಕನ ಮನೆ ಇತ್ತು. 1716ರಲ್ಲಿ ಆ ಮನೆಯಲ್ಲಿ ಹುಟ್ಟಿದವನು ಇತೊ ಜಾಕುಚು. ತಂದೆ ತೀರಿಕೊಂಡ ಮೇಲೆ ಇಪ್ಪತ್ತಮೂರನೆಯ ವಯಸ್ಸಿಗೆ ಅಂಗಡಿ ಮೈಮೇಲೆ ಬಿತ್ತು. ನಲವತ್ತಕ್ಕೆ ಅದನ್ನು ತಮ್ಮನಿಗೆ ಒಪ್ಪಿಸಿ ಪೂರಾ ಚಿತ್ರಕಾರನಾದ. ಈಗ ಅವನು ಜಪಾನಿನ ಬಹು ದೊಡ್ಡ ಚಿತ್ರಕಾರರಲ್ಲಿ ಒಬ್ಬ. ಕ್ಯೋಟೋದ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ಅವನ ಒಂದು ಮಸಿಯ ಚಿತ್ರ ಇದೆ. ವಿಷಯ ನಮಗೆಲ್ಲ ತಿಳಿದದ್ದೇ: ಕುಶಿನಗರದಲ್ಲಿ ಬುದ್ಧನ ಪರಿನಿರ್ವಾಣ. ಆದರೆ ಬುದ್ಧನ ಸ್ಥಾನದಲ್ಲಿ, ಬೋರಲು ಹಾಕಿದ ಬುಟ್ಟಿಯ ಮೇಲೆ, ಕವಲೊಡೆದ ಒಂದು ಮೂಲಂಗಿ ಮಲಗಿದೆ. ಸಾಲವೃಕ್ಷಗಳ ಬದಲು ಮುಸುಕಿನ ಜೋಳದ ದಂಟುಗಳು. ಸುತ್ತಲೂ ಗೆಡ್ಡೆ, ಕುಂಬಳ, ಬದನೆ, ಅಣಬೆ ನೆರೆದು ಶೋಕಿಸುತ್ತಿವೆ. ಇದು ಹಾಸ್ಯವೋ ಭಕ್ತಿಯೋ ಎಂದು ಪಂಡಿತರು ಚರ್ಚಿಸುತ್ತಾರೆ. ಹುಟ್ಟಿದಂದಿನಿಂದ ಮೂಲಂಗಿಯ ನಡುವೆ ಬೆಳೆದವನಿಗೆ ಎರಡೂ ಆಗಿರಬಾರದೇಕೆ?

ಮಾರ್ಗದರ್ಶಕಿ ನಮಗೆ ಹೇಳಲು ಹೆಚ್ಚು ಉತ್ಸಾಹ ಪಟ್ಟದ್ದು ಚಿತ್ರದ ವಿಷಯವನ್ನಲ್ಲ. 1771ರ ಸುಮಾರಿನಲ್ಲಿ ಎದುರಾಳಿ ಪೇಟೆಯವರ ತಕರಾರಿನಿಂದ ನಿಶಿಕಿಯ ತರಕಾರಿ ವ್ಯಾಪಾರವೇ ನಿಂತುಹೋಗುವ ಸ್ಥಿತಿ ಬಂದಿತ್ತು. ಐವತ್ತೈದು ದಾಟಿದ ಜಾಕುಚು ಕುಂಚ ಕೆಳಗಿಟ್ಟು ಬೀದಿಗೆ ಇಳಿದ. ಅಧಿಕಾರಿಗಳ ಬಾಗಿಲಿಗೆ ಅಲೆದ, ತರಕಾರಿ ಬೆಳೆಯುವ ಹಳ್ಳಿಗಳವರನ್ನು ಕೂಡಿಸಿದ, ಅರ್ಜಿಯ ಮೇಲೆ ಅರ್ಜಿ ಹಾಕಿಸಿದ. ಸುಮಾರು ಮೂರು ವರ್ಷ ನಡೆದು 1774ರಲ್ಲಿ ಪೇಟೆಗೆ ಮತ್ತೆ ಅನುಮತಿ ಸಿಕ್ಕಿತು. ಫೈಲು ಮೂರು ವರ್ಷ ಓಡಾಡಿತು ಎಂಬುದನ್ನು ಕೇಳಿ ನಮಗೇನೂ ಆಶ್ಚರ್ಯವಾಗಲಿಲ್ಲ. ಚಿತ್ರಕಾರನೊಬ್ಬ ಅದರ ಬೆನ್ನು ಬಿಡದೆ ಓಡಾಡಿದ ಎಂಬುದೇ ಆಶ್ಚರ್ಯ. ಈಗ ರಾತ್ರಿ ಅಂಗಡಿ ಮುಚ್ಚಿದ ಮೇಲೆ ಅನೇಕ ಕದಗಳ ಮೇಲೆ ಅವನ ಕೋಳಿ, ತರಕಾರಿಗಳ ಚಿತ್ರಗಳು ಕಾಣುತ್ತವೆ.

ಎರಡನೆಯ ಕಷ್ಟ 1927ರಲ್ಲಿ. ಆ ವರ್ಷ ಕ್ಯೋಟೋದಲ್ಲಿ ಜಪಾನಿನ ಮೊತ್ತಮೊದಲ ಕೇಂದ್ರ ಸಗಟು ಪೇಟೆ ತೆರೆಯಿತು. ಸಗಟಿನವರು ಅತ್ತ ಹೋದರು. ನಿಶಿಕಿ ಚಿಲ್ಲರೆ ಅಂಗಡಿಗಳ ಬೀದಿಯಾಗಿ ಬದುಕಿಕೊಂಡಿತು. ಅಂದರೆ ಮನೆಮನೆಯ ಗೃಹಿಣಿಯೂ ಹೋಟೆಲುಗಳ ಅಡುಗೆಯವರೂ ಬರತೊಡಗಿದರು.

ಮೂರನೆಯ ಕಷ್ಟ ನಾವೇ. ಇದನ್ನು ಮಾರ್ಗದರ್ಶಕಿ ಬಾಯಿ ಬಿಟ್ಟು ಹೇಳಲಿಲ್ಲ. ಹೇಳಿದರೆ ಅವರ ಕಸುಬು ನಡೆಯುವುದು ಹೇಗೆ? ಆದರೆ 2024ರಲ್ಲಿ ಜಪಾನಿಗೆ ಹೊರದೇಶಗಳಿಂದ ಬಂದವರು 3 ಕೋಟಿ 68 ಲಕ್ಷ. ಅವರಲ್ಲಿ ಕ್ಯೋಟೋ ನೋಡುವವರು, ಕ್ಯೋಟೋ ನೋಡುವವರಲ್ಲಿ ಈ ಮೂರು ಮೀಟರಿನ ಬೀದಿಗೆ ನುಗ್ಗುವವರು ಎಷ್ಟು ಮಂದಿ ಎಂಬುದನ್ನು ಮೈಮೇಲೆ ತಿಳಿದೆವು. ಹನ್ನೊಂದು ಗಂಟೆಯ ಮೇಲೆ ಬೀದಿ ದಾದರ್ ಸ್ಟೇಷನ್ನಿನ ಸೇತುವೆಯಾಗುತ್ತದೆ. 'ನಡೆಯುತ್ತ ತಿನ್ನಬೇಡಿ, ಕೊಂಡ ಅಂಗಡಿಯ ಮುಂದೆ ನಿಂತು ತಿಂದು ಕಡ್ಡಿಯನ್ನು ಅಲ್ಲಿಯೇ ಕೊಡಿ' ಎಂದು ಪೇಟೆಯವರು ಹಲವು ಭಾಷೆಗಳಲ್ಲಿ ಬರೆದು ಹಾಕಿದ್ದಾರೆ. ಕೈಯಲ್ಲಿ ಕಡ್ಡಿ ಹಿಡಿದು ಆ ಸೂಚನೆಯ ಕೆಳಗೇ ನಡೆದು ಹೋಗುತ್ತಿದ್ದವರನ್ನು ಲೆಕ್ಕ ಹಾಕುವುದನ್ನು ನಾವು ಇಪ್ಪತ್ತಕ್ಕೆ ನಿಲ್ಲಿಸಿದೆವು. ಕಡ್ಡಿಗೆ ಚುಚ್ಚಿದ್ದು ಹೆಚ್ಚು ಖರ್ಚಾಗುತ್ತದೆ ಎಂದಮೇಲೆ ಕಡ್ಡಿಗೆ ಚುಚ್ಚುವ ಅಂಗಡಿಗಳು ಹೆಚ್ಚುತ್ತವೆ; ಅರ್ಧ ಕಿಲೋ ಗೆಡ್ಡೆ ಕೊಳ್ಳುವ ಮನೆಯಾಕೆಗೆ ಆ ನೂಕಿನಲ್ಲಿ ಚೀಲ ಹಿಡಿದು ನಿಲ್ಲಲು ಜಾಗ ಎಲ್ಲಿ? ಅಡುಗೆಮನೆಗೆ ಅತಿಥಿಗಳೇ ನುಗ್ಗಿದರೆ ಒಲೆಯ ಮುಂದೆ ನಿಲ್ಲುವವರು ಯಾರು?

ಇಂಥ ಯಾತ್ರೆಗಳು ಪರೀಕ್ಷೆಯ ಹಿಂದಿನ ರಾತ್ರಿ ಓದುವ ಗೈಡು ಇದ್ದಂತೆ. ಪಾಸು ಮಾಡಿಸುತ್ತವೆ, ವಿದ್ಯೆ ಕೊಡುವುದಿಲ್ಲ ಎಂಬುದು ನಮ್ಮ ಅಭಿಪ್ರಾಯವಾಗಿತ್ತು. ಈಗ ಅದರಲ್ಲಿ ಒಂದು ತಿದ್ದುಪಡಿ ಮಾಡಬೇಕು: ಗೈಡು ಓದಿ ಪುಸ್ತಕ ಕೊಳ್ಳುವವರೂ ಉಂಟು. ನಮ್ಮ ಗುಂಪಿನಲ್ಲಿ ಆಸ್ಟ್ರೇಲಿಯದ ಮುದುಕ 1560ರಿಂದ ನಡೆದುಬಂದಿರುವ ಚಾಕಿನ ಅಂಗಡಿಯಲ್ಲಿ ಚಾಕು ಕೊಂಡು ಅದನ್ನು ಸಾಣೆ ಹಿಡಿಯುವ ಕ್ರಮವನ್ನು ಅರ್ಧ ಗಂಟೆ ಕಲಿತ. ಉಳಿದವರು ಹತ್ತು ತುತ್ತು ತಿಂದು ನೂರು ಚಿತ್ರ ತೆಗೆದು ಹೋದರು. ಅವರ ಹಣವೂ ಬೀದಿಗೆ ಬೇಕು, ಇಲ್ಲವೆನ್ನುವುದಿಲ್ಲ.

"ನೀವು ಇಲ್ಲಿ ಸಾಮಾನು ಕೊಳ್ಳುತ್ತೀರಾ?" ಎಂದು ಮಾರ್ಗದರ್ಶಕಿಯನ್ನು ಕೇಳಿದೆವು. ಅವರು ಬೇಸರಿಸಲಿಲ್ಲ. ತಮ್ಮ ತಾಯಿ ವರ್ಷದ ಕೊನೆಯಲ್ಲಿ ಹೊಸವರ್ಷದ ಅಡುಗೆಗೆ ಇಲ್ಲಿಂದಲೇ ಎಲ್ಲ ಒಯ್ಯುತ್ತಿದ್ದರು, ತಾವು ಚೀಲ ಹಿಡಿಯಲು ಹಿಂದೆ ಬರುತ್ತಿದ್ದೆವು ಎಂದರು. ಈಗ ವಾರದ ತರಕಾರಿ ಮನೆಯ ಹತ್ತಿರದ ದೊಡ್ಡ ಅಂಗಡಿಯಿಂದ. ಕೊಂಬು ಮತ್ತು ಉಪ್ಪಿನಕಾಯಿ ಮಾತ್ರ ಇಲ್ಲಿಂದಲೇ. ಬೆಳಗ್ಗೆ ಗುಂಪುಗಳು ಬರುವ ಮುಂಚೆ. ಮಡಿಸಿದ ಚೀಲ ಬಿಚ್ಚಿ ತೋರಿಸಿದರು. ಒಳಗೆ ಶಿಬಾಜುಕೆಯ ಪೊಟ್ಟಣವಿತ್ತು. ಆ ಮುದುಕಿಯ ಅಂಗಡಿಯದೇ.

ಕೊನೆಯ ನಿಲುಗಡೆ ಕೊಂಬಿನ ಅಂಗಡಿ. ಬೆಚ್ಚಗಿನ ಕೊಂಬಿನ ನೀರು ಒಂದೊಂದು ಪುಟ್ಟ ಬಟ್ಟಲಲ್ಲಿ ಕೊಟ್ಟರು, ಮೀನು ಸೇರಿಸದ್ದು. ಮೊದಲ ಗುಟುಕಿಗೆ ಏನೂ ಇಲ್ಲ, ಬಿಸಿನೀರು ಅನ್ನಿಸಿತು. ನುಂಗಿದ ಮೇಲೆ ನಾಲಗೆಯ ಹಿಂಭಾಗದಲ್ಲಿ ಏನೋ ಉಳಿಯಿತು. ಉಳಿದವರು ಬಟ್ಟಲು ಕೆಳಗಿಟ್ಟು ಗಡಿಯಾರ ನೋಡಿದರು. ಮನೆಯವರು, "ಇದನ್ನು ಕುದಿಸುತ್ತಾರೋ ನೆನೆಸುತ್ತಾರೋ ಕೇಳಿ," ಎಂದರು. ಕೇಳಿಸಿದೆವು. ಅಲ್ಲಿಯವರೆಗೆ ಕೈ ಕಟ್ಟಿ ನಿಂತಿದ್ದ ಅಂಗಡಿಯ ಯಜಮಾನ ತಟ್ಟನೆ ಮುಂದೆ ಬಂದ. ಕುದಿಸಲೇಬಾರದು, ಕುದಿಸಿದರೆ ಲೋಳೆಯೂ ಕಹಿಯೂ ಬರುತ್ತದೆ. ರಾತ್ರಿ ತಣ್ಣೀರಿನಲ್ಲಿ ಹಾಕಿ ಬೆಳಗ್ಗೆ ತೆಗೆಯಿರಿ. ಮೇಲಿನ ಬಿಳಿಯ ಪುಡಿಯನ್ನು ತೊಳೆಯಬೇಡಿ, ರುಚಿ ಇರುವುದೇ ಅಲ್ಲಿ. ನಿಮ್ಮ ಊರಿನ ನೀರು ಗಡುಸೋ ಮೃದುವೋ? ಈ ಕಡೆಯ ಪ್ರಶ್ನೆಗೆ ನಾವು ಮುಂಬಯಿಯ ನಗರಸಭೆಯ ಪರವಾಗಿ ಉತ್ತರ ಕೊಡಬೇಕಾಯಿತು. ನೀರು ಕೆರೆಯದು, ಮೃದು ಎಂದೆವು. ಅವನಿಗೆ ಸಮಾಧಾನವಾಯಿತು. ರಿಶಿರಿ ದ್ವೀಪದ ಕೊಂಬನ್ನು ತೂಗಿ, ಮನೆಯವರು ಕೊಟ್ಟ ಹಣಕ್ಕಿಂತ ಹೆಚ್ಚಾಗಿ ಒಂದು ತುಂಡು ಸೇರಿಸಿ ಕಟ್ಟಿದ.

ಮನೆಗೆ ಬಂದ ವಾರದಲ್ಲಿ ಅದು ನಮ್ಮ ತಾಯಿಯವರ ಮುಂದೆ ವಿಚಾರಣೆಗೆ ನಿಂತಿತು. ಅವರು ಧಾರವಾಡದವರು, ವಯಸ್ಸು ಎಪ್ಪತ್ತು, ಅಡುಗೆಮನೆಯ ಅಂತಿಮ ಅಧಿಕಾರ ಅವರದು. ಒಣ ಚರ್ಮದಂಥ ಆ ತುಂಡನ್ನು ತಿರುಗಿಸಿ ಮೂಸಿ ಕೇಳಿದರು:

"ಏನಪಾ ಇದು, ಗಿಡದ್ದೋ ಜೀವದ್ದೋ?"

"ಗಿಡದ ಹಂಗ ಅವ್ವಾ. ಸಮುದ್ರದಾಗ ಬೆಳೀತದ."

"ಉಪ್ಪೂ ಅಲ್ಲಿಂದನ ಬರ್ತದಲ್ಲ, ಅದಕ್ಕೇನು. ಹೆಸರೇನು?"

"ಕೊಂಬು."

ಅವರು ಸ್ವಲ್ಪ ಹೊತ್ತು ನಮ್ಮ ಮುಖ ನೋಡಿದರು. ರಾತ್ರಿ ನೆನೆಯಿತು. ಮರುದಿನ ಆ ನೀರಿನಲ್ಲಿ ತೊಗರಿಬೇಳೆ ಬೆಂದು, ಅಮಾವಾಸ್ಯೆ ಏಕಾದಶಿ ಯಾವುದೂ ಅಲ್ಲದ ಒಂದು ಬುಧವಾರ, ಸಾರು ಎಲೆಗೆ ಬಿತ್ತು. ಜುಮ್ಮನಕಾಯಿ ಹಾಕಿ ನೋಡೋಣವೆಂದ ಮನೆಯವರ ಸೂಚನೆಯನ್ನು ಅತ್ತೆಯವರು ತಳ್ಳಿಹಾಕಿದ್ದರು. ಎರಡು ಸಲ ಬಡಿಸಿಕೊಂಡ ಮೇಲೆ ಅವರು ಹೇಳಿದ್ದು: "ಹುಣಸೀಹಣ್ಣು ಕಡಿಮೆ ಹಾಕಬೇಕಿತ್ತು."

ಡಬ್ಬಿಯಲ್ಲಿ ಇನ್ನೂ ನಾಲ್ಕು ತುಂಡು ಉಳಿದಿವೆ.